ನಡುಮಂಜು: ಪದೇ ಪದೇ ಕೇಳುವ ಪ್ರಶ್ನೆಗಳು

ನನ್ನ ಕತೆಗಳಲ್ಲಿ ಬರುವ ನಡುಮಂಜಿನ ಬಗ್ಗೆ ಓದಿದವರು ಏನಾದರೂ ಕೇಳುತ್ತಲೇ ಇರುತ್ತಾರೆ. ಸುತ್ತಿ ಬಳಸಿ ಹತ್ತು ಹದಿನೈದೇ ಪ್ರಶ್ನೆ. ಒಬ್ಬೊಬ್ಬರಿಗೆ ಒಂದೊಂದು ರೀತಿ ಉತ್ತರ ಕೊಟ್ಟು, ಕೊನೆಗೆ ನನ್ನ ಮಾತಿನಲ್ಲಿ ನಾನೇ ಸಿಕ್ಕಿಬಿದ್ದದ್ದೂ ಉಂಟು. ಅದಕ್ಕೇ ಎಲ್ಲವನ್ನೂ ಒಂದೇ ಕಡೆ ಬರೆದಿಡುತ್ತಿದ್ದೇನೆ.

ನಡುಮಂಜು ಅಂದ್ರೆ ಏನು?

ಒಂದು ಕಾಲದ ಎಳೆಗೂ ಇನ್ನೊಂದು ಕಾಲದ ಎಳೆಗೂ ನಡುವೆ ಇರುವ, ದೆವ್ವದಂಥ ಒಂದು ವಸ್ತು. ಪೂರ್ತಿ ಕಲ್ಪನೆ, ನಾನೇ ಕಟ್ಟಿದ್ದು. ಟೈಮ್‌ಲೈನ್ ಅನ್ನುವುದಕ್ಕೆ ನಾನು ಎಳೆ ಅನ್ನುತ್ತೇನೆ, ಹಗ್ಗದ ಎಳೆಯ ಹಾಗೆ.

ಮೇಜಿನ ಅಂಚಿನಲ್ಲಿ ಒಂದು ಗಾಜಿನ ಲೋಟ ಇದೆ ಅಂದುಕೊಳ್ಳಿ. ಮೊಣಕೈ ತಗುಲಿತು. ಲೋಟ ಜಾರಿತು. ನೀವು ಗಬಕ್ಕನೆ ಹಿಡಿದುಬಿಟ್ಟಿರಿ. ಈ ಎಳೆಯಲ್ಲಿ ಲೋಟ ಉಳಿಯಿತು. ಪಕ್ಕದ ಎಳೆಯಲ್ಲಿ ಕೈ ತಪ್ಪಿ ಚೂರಾಯಿತು. ಆಗ ಈ ಎಳೆಯ ನೆಲದ ಮೇಲೆ, ಲೋಟ ಬಿದ್ದು ಒಡೆಯಬೇಕಿದ್ದ ಜಾಗದಲ್ಲಿ, ಒಂದು ಬೆರಳಿನಷ್ಟು ದಪ್ಪದ ಮಂಜು ಕೂರುತ್ತದೆ. ಬಗ್ಗಿ ನೋಡಿದರೆ ಅದು ಹೇಗೆಂದರೆ ಹಾಗೆ ಹರಡಿರುವುದಿಲ್ಲ. ಚೂರುಗಳ ಆಕಾರದಲ್ಲೇ ಇರುತ್ತದೆ. ಲೋಟದ ತಳದ ದಪ್ಪ ಬಿಲ್ಲೆ, ಅದರ ಸುತ್ತ ಮೊನಚು ತುಣುಕುಗಳು, ಗೋಡೆಯ ಬುಡದವರೆಗೂ ಹಾರಿಹೋದ ಒಂದೇ ಒಂದು ಹರಳು. ಹನ್ನೊಂದು ನಿಮಿಷ ಹಾಗೇ ಇರುತ್ತದೆ. ಆಮೇಲೆ ಇಲ್ಲ.

ಇಷ್ಟೇ ನಡುಮಂಜು. ಉಳಿದ ಕತೆಗಳೆಲ್ಲ ಈ ಲೋಟದಿಂದಲೇ ಹುಟ್ಟಿದವು.

ಹೆಸರು ಯಾಕೆ ಹೀಗೆ?

ಮೊದಲು ಕಾಲಾಂತರ ದ್ರವ್ಯ ಅಂತ ಬರೆದಿದ್ದೆ. ಓದಿದರೆ ಪರೀಕ್ಷೆಗೆ ಐದು ಅಂಕದ ಪ್ರಶ್ನೆ ನೆನಪಾಗುತ್ತಿತ್ತು. ಕತೆಯೊಳಗಿನ ಒಂದು ಪುಟ್ಟ ಹುಡುಗಿಗೆ ಆ ಹೆಸರು ಹೇಳಿಸಲು ಹೋದೆ, ಅವಳ ಬಾಯಲ್ಲಿ ಅದು ಕೂರಲೇ ಇಲ್ಲ. "ನಡುವೆ ಮಂಜು ಇದೆ" ಅಂದಳು. ಸರಿ, ಅದೇ ಆಯಿತು.

ಹಾಗಾದ್ರೆ ಇದು ದೆವ್ವವೇ? ಸತ್ತವರ ಆತ್ಮವೇ?

ಎರಡೂ ಅಲ್ಲ. ದೆವ್ವಕ್ಕೆ ಒಬ್ಬರು ಬದುಕಿ ಸತ್ತಿರಬೇಕು. ನಡುಮಂಜಿಗೆ ಯಾರೂ ಸಾಯಬೇಕಾಗಿಲ್ಲ. ಏನೋ ಒಂದು ಆಗುವುದರಲ್ಲಿತ್ತು, ಆಗಲಿಲ್ಲ, ಅಷ್ಟಿದ್ದರೆ ಸಾಕು. ಅದಕ್ಕೆ ಸೇಡಿಲ್ಲ, ಆಸೆಯಿಲ್ಲ, ಯಾರನ್ನೂ ಹುಡುಕಿಕೊಂಡು ಬರುವುದಿಲ್ಲ.

"ಆತ್ಮದ ಹಾಗೆ ಇದಕ್ಕೂ 21 ಗ್ರಾಂ ತೂಕವಾ?" ಅಂತ ಒಬ್ಬರು ಕೇಳಿದ್ದರು. ಆ 21 ಗ್ರಾಂ ಕತೆ ಗೊತ್ತಲ್ಲ? ಡಂಕನ್ ಮ್ಯಾಕ್‌ಡೂಗಲ್ ಅನ್ನುವ ಅಮೆರಿಕದ ವೈದ್ಯ ಸಾಯುವ ಸ್ಥಿತಿಯಲ್ಲಿದ್ದ ಆರು ಜನರನ್ನು ಮಂಚದ ಸಮೇತ ತೂಗಿ, 1907ರಲ್ಲಿ ಫಲಿತಾಂಶ ಪ್ರಕಟಿಸಿದ. 21 ಗ್ರಾಂ ಇಳಿದದ್ದು ಮೊದಲನೆಯ ರೋಗಿಯಲ್ಲಿ ಮಾತ್ರ. ಉಳಿದವರ ಲೆಕ್ಕ ಒಂದಕ್ಕೊಂದು ಹೊಂದಲಿಲ್ಲ, ಇಬ್ಬರದನ್ನು ಅವನೇ ಕೈಬಿಟ್ಟ. ಆದರೂ ಆ ಒಂದು ಸಂಖ್ಯೆ ನೂರು ವರ್ಷದಿಂದ ಓಡಾಡುತ್ತಿದೆ. ನಡುಮಂಜಿಗೆ ತೂಕ ಕೊಡಬಾರದು ಅಂತ ನಾನು ಅವತ್ತೇ ತೀರ್ಮಾನಿಸಿದೆ.

ನೋಡಲು ಹೇಗಿರುತ್ತದೆ? ಬೆಳ್ಳಗೆ ಹೊಗೆಯ ಹಾಗೆಯೇ?

ಹೊಗೆ ಅಲುಗಾಡುತ್ತದೆ, ಇದು ಅಲುಗಾಡುವುದಿಲ್ಲ. ಅದೇ ವ್ಯತ್ಯಾಸ.

ನಿಜ ಜಗತ್ತಿನಲ್ಲಿ ಇದಕ್ಕೆ ತೀರಾ ಹತ್ತಿರದ ವಸ್ತು ಏರೋಜೆಲ್. ಸ್ಯಾಮ್ಯುಯೆಲ್ ಕಿಸ್ಲರ್ 1931ರಲ್ಲಿ ಜಗತ್ತಿಗೆ ತೋರಿಸಿದ್ದು. ಜೆಲ್ಲಿಯೊಳಗಿನ ದ್ರವವನ್ನು ತೆಗೆದು ಅದರ ಜಾಗದಲ್ಲಿ ಗಾಳಿ ತುಂಬಿಸಿದರೆ, ಜೆಲ್ಲಿಯ ಅಸ್ಥಿಪಂಜರ ಮಾತ್ರ ಕುಸಿಯದೆ ಉಳಿಯುತ್ತದೆ. ಕೆಲವು ಬಗೆಯ ಏರೋಜೆಲ್‌ನಲ್ಲಿ ನೂರಕ್ಕೆ 99.8 ಭಾಗ ಬರೀ ಗಾಳಿ. ಗಟ್ಟಿಯಾದ ಹೊಗೆ ಅಂತಲೇ ಇದಕ್ಕೆ ಅಡ್ಡಹೆಸರು. ಒಮ್ಮೆ ಉಗುರಿನಗಲದ ಚೂರೊಂದನ್ನು ಅಂಗೈ ಮೇಲೆ ಇಟ್ಟುಕೊಂಡಿದ್ದೆ. ಕಣ್ಣಿಗೆ ಕಾಣುತ್ತಿತ್ತು, ಕೈಗೆ ಗೊತ್ತಾಗುತ್ತಿರಲಿಲ್ಲ. ಕಪ್ಪು ಬಟ್ಟೆಯ ಮುಂದೆ ಹಿಡಿದರೆ ನೀಲಿ. ದೀಪಕ್ಕೆ ಅಡ್ಡ ಹಿಡಿದರೆ ತಿಳಿ ಹಳದಿ. ಆಕಾಶ ನೀಲಿಯಾಗಿ, ಸಂಜೆಯ ಸೂರ್ಯ ಕೆಂಪಾಗಿ ಕಾಣುವುದೂ ಇದೇ ಬೆಳಕಿನ ಚದುರುವಿಕೆಯಿಂದ. ಬೆರಳಿನಿಂದ ಒತ್ತಿದರೆ ಕಿರ್ ಅಂದಿತು, ಒಣಗಿದ ರೊಟ್ಟಿಯ ಹಾಗೆ.

ನಡುಮಂಜಿಗೆ ಬಣ್ಣ ಕೊಟ್ಟದ್ದು ಅಲ್ಲಿಂದಲೇ. ಕತ್ತಲೆಯ ಎದುರು ನೀಲಿ, ಬೆಳಕಿನ ಎದುರು ಹಳದಿ.

ಅಂದ ಹಾಗೆ, ನಾಸಾದ ಸ್ಟಾರ್‌ಡಸ್ಟ್ ನೌಕೆ ಧೂಮಕೇತುವಿನ ದೂಳನ್ನು ಹಿಡಿದು ತಂದದ್ದು ಇದೇ ಏರೋಜೆಲ್‌ನಲ್ಲಿ, 2006ರಲ್ಲಿ ಭೂಮಿಗೆ ವಾಪಸ್ ಬಂತು. ಸೆಕೆಂಡಿಗೆ ಸುಮಾರು ಆರು ಕಿಲೋಮೀಟರ್ ವೇಗದಲ್ಲಿ ಬಂದ ಕಣ ಕ್ಯಾರೆಟ್ ಆಕಾರದ ಒಂದು ಸುರಂಗ ಕೊರೆದು ಒಳಗೇ ನಿಲ್ಲುತ್ತಿತ್ತು. ಆ ಸುರಂಗದ ಫೋಟೋ ನೋಡಿದಾಗಲೇ ನಡುಮಂಜು ಆಕಾರವನ್ನು ಹಿಡಿದಿಟ್ಟುಕೊಳ್ಳಬೇಕು ಅನಿಸಿದ್ದು.

ಮುಟ್ಟಿದರೆ ತಣ್ಣಗಿರುತ್ತದಾ?

ಇಲ್ಲ. ದೆವ್ವದ ಕತೆ ಅಂದ ಕೂಡಲೇ ಎಲ್ಲರೂ ಚಳಿ ತರುತ್ತಾರೆ, ನನಗೆ ಬೇಜಾರು. ನಡುಮಂಜಿನೊಳಗೆ ಕೈ ಹಾಕಿದರೆ ಬಿಸಿಯೂ ಇಲ್ಲ, ತಂಪೂ ಇಲ್ಲ. ಆದರೆ ಆ ಕೈ ಮಾಡದೇ ಬಿಟ್ಟ ಕೆಲಸದ ಆಯಾಸ ಕೈಗೆ ಬರುತ್ತದೆ. ಲೋಟದ ಚೂರು ಆಯ್ದವರಿಗೆ ಬೆರಳ ತುದಿಯಲ್ಲಿ ಆಗುವ ಸಣ್ಣ ಚುರುಚುರು ಇದೆಯಲ್ಲ, ಅದು.

ಇದು ಎಕ್ಟೋಪ್ಲಾಸಂನ ನಕಲು ಅಲ್ವಾ?

ಈ ಪ್ರಶ್ನೆ ಜಾಸ್ತಿ ಬರುತ್ತದೆ, ನನಗೆ ಇಷ್ಟವಾದದ್ದೂ ಇದೇ. ನಕಲು ಅಲ್ಲ, ಆದರೆ ಅದರ ಗೋಳು ನೋಡಿ ಪಾಠ ಕಲಿತೆ.

ಎಕ್ಟೋಪ್ಲಾಸಂ ಅನ್ನುವ ಪದವನ್ನು ಈ ಅರ್ಥದಲ್ಲಿ ಚಾಲ್ತಿಗೆ ತಂದವನು ಫ್ರಾನ್ಸಿನ ಶಾರ್ಲ್ ರಿಶೆ. ಸುಮ್ನೆ ಯಾರೋ ದಾರಿಹೋಕನಲ್ಲ, ಅಲರ್ಜಿಯ ತೀವ್ರ ರೂಪವಾದ ಅನಾಫಿಲಾಕ್ಸಿಸ್ ಬಗ್ಗೆ ಮಾಡಿದ ಕೆಲಸಕ್ಕೆ 1913ರಲ್ಲಿ ನೊಬೆಲ್ ಪಡೆದ ವಿಜ್ಞಾನಿ. ಅಂಥವನೂ ಕತ್ತಲೆ ಕೋಣೆಯಲ್ಲಿ ಕೂತು, ಮೈಮೇಲೆ ಆತ್ಮ ಬರಿಸಿಕೊಳ್ಳುವವರ ಬಾಯಿಂದ, ಮೂಗಿನಿಂದ ಹೊರಬರುವ ಬಿಳಿ ವಸ್ತುವನ್ನು ಆತ್ಮಗಳ ಕಚ್ಚಾಮಾಲು ಇರಬಹುದೇನೋ ಅಂತ ಗಂಭೀರವಾಗಿ ನೋಡಿದ. ಅದು ನಿಜಕ್ಕೂ ಏನಾಗಿತ್ತು? ಜಾಳು ಬಟ್ಟೆ, ಕಾಗದ, ಮೊಟ್ಟೆಯ ಬಿಳಿ, ಪತ್ರಿಕೆಯಿಂದ ಕತ್ತರಿಸಿದ ಮುಖಗಳು. ಹೀಗೆ ಆತ್ಮ ಬರಿಸಿಕೊಳ್ಳುತ್ತೇನೆ ಅನ್ನುತ್ತಿದ್ದ ಸ್ಕಾಟ್ಲೆಂಡಿನ ಹೆಲೆನ್ ಡಂಕನ್ ಎಂಬಾಕೆಯನ್ನು 1931ರಲ್ಲಿ, ಇಂಥವರನ್ನು ಪರೀಕ್ಷಿಸುವುದನ್ನೇ ಕೆಲಸ ಮಾಡಿಕೊಂಡಿದ್ದ ಹ್ಯಾರಿ ಪ್ರೈಸ್ ಪರೀಕ್ಷಿಸಿ, ಬಟ್ಟೆಯನ್ನು ಮೊದಲೇ ನುಂಗಿ ಆಮೇಲೆ ಹೊರಗೆ ತರುತ್ತಾಳೆ ಅಂದ. ಅದೇ ಡಂಕನ್‌ಗೆ 1944ರಲ್ಲಿ ಬ್ರಿಟನ್‌ನ ನ್ಯಾಯಾಲಯ ಒಂಬತ್ತು ತಿಂಗಳ ಜೈಲು ಕೊಟ್ಟಿತು. ಕೊಟ್ಟದ್ದು ಯಾವ ಕಾನೂನಿನ ಅಡಿ ಗೊತ್ತಾ? 1735ರ ಮಾಟಮಂತ್ರದ ಕಾಯ್ದೆ!

ಎಕ್ಟೋಪ್ಲಾಸಂಗೆ ಬೆಳಕು ಬಿದ್ದರೆ ಆಗುವುದಿಲ್ಲ, ಮುಟ್ಟಿದರೆ ಆಗುವುದಿಲ್ಲ, ಅನುಮಾನ ಪಡುವವರು ಕೋಣೆಯಲ್ಲಿದ್ದರೆ ಬರುವುದೇ ಇಲ್ಲ. ಷರತ್ತುಗಳೆಲ್ಲ ಅದನ್ನು ತೋರಿಸುವವರಿಗೆ ಅನುಕೂಲ. ನಾನು ನಿಯಮ ಮಾಡುವಾಗ ಇದರ ತಿರುಗುಮುರುಗು ಹಿಡಿದೆ. ನಡುಮಂಜಿನ ನಿಯಮ ಯಾವತ್ತೂ ಪಾತ್ರಗಳಿಗೆ ತೊಂದರೆ ಕೊಡಬೇಕು. ಲೇಖಕನಿಗಂತೂ ಇನ್ನೂ ಜಾಸ್ತಿ.

ಕಾಲದ ಎಳೆಗಳು ನಿಜಕ್ಕೂ ಇವೆಯಾ? ವಿಜ್ಞಾನ ಒಪ್ಪುತ್ತದಾ?

ಹ್ಯೂ ಎವರೆಟ್ ಅನ್ನುವ ಅಮೆರಿಕದ ಹುಡುಗ 1957ರಲ್ಲಿ, ಇಪ್ಪತ್ತಾರರ ವಯಸ್ಸಿನಲ್ಲಿ, ಪ್ರಿನ್ಸ್‌ಟನ್‌ನಲ್ಲಿ ಒಂದು ಪ್ರಬಂಧ ಬರೆದ. ಕ್ವಾಂಟಂ ಲೆಕ್ಕದಲ್ಲಿ, ಅಂದರೆ ಅತಿ ಸಣ್ಣ ಕಣಗಳ ಭೌತಶಾಸ್ತ್ರದಲ್ಲಿ, ಒಂದು ಕಣಕ್ಕೆ ಹಲವು ಸಾಧ್ಯತೆಗಳು ಒಟ್ಟಿಗೇ ಇರುತ್ತವೆ. ನಾವು ಅಳೆದಾಗ ಒಂದೇ ಉತ್ತರ ಸಿಗುತ್ತದೆ. ಉಳಿದವು ಎಲ್ಲಿ ಹೋದವು? ಎಲ್ಲೂ ಹೋಗಲಿಲ್ಲ, ಅವೂ ನಡೆಯುತ್ತಿವೆ, ಅಳೆದ ನೀವೂ ಅವುಗಳ ಜೊತೆ ಕವಲಾಗಿದ್ದೀರಿ ಅಂದ ಎವರೆಟ್. ಆಗ ಹೆಚ್ಚಿನವರು ಕಿವಿಗೆ ಹಾಕಿಕೊಳ್ಳಲಿಲ್ಲ. ಅವನು ಭೌತಶಾಸ್ತ್ರ ಬಿಟ್ಟು ರಕ್ಷಣಾ ಇಲಾಖೆಯ ಕೆಲಸಕ್ಕೆ ಹೋದ. ಮುಂದೆ 1970ರಲ್ಲಿ ಬ್ರೈಸ್ ಡಿವಿಟ್ ಅನ್ನುವ ಭೌತವಿಜ್ಞಾನಿ ಈ ವಿಚಾರವನ್ನು ಮತ್ತೆ ಎತ್ತಿದ ಮೇಲೆ ಅದಕ್ಕೆ ಹೆಸರು ಬಂತು. ಈಗಲೂ ಇದನ್ನು ಒಪ್ಪುವವರಿದ್ದಾರೆ, ನಗುವವರೂ ಇದ್ದಾರೆ.

ಒಂದು ವಿಷಯ ಮಾತ್ರ ಒಪ್ಪಿಕೊಂಡುಬಿಡುತ್ತೇನೆ. ಎವರೆಟ್‌ನ ಕವಲುಗಳು ಹಗ್ಗದ ಎಳೆಗಳ ಹಾಗೆ ಪಕ್ಕ ಪಕ್ಕ ಇರುವುದಿಲ್ಲ. ಅವುಗಳ ಮಧ್ಯೆ ಸಂದು ಅನ್ನುವುದೇ ಇಲ್ಲ. ಹಾಗಾಗಿ ನಡುಮಂಜು ಕೂರಲು ಅಲ್ಲಿ ಜಾಗವಿಲ್ಲ. ಸಂದು ನನ್ನ ಸುಳ್ಳು. ಕತೆಗೆ ಒಂದು ದೊಡ್ಡ ಸುಳ್ಳು ಬೇಕು, ನಾನು ಅದನ್ನು ಅಲ್ಲಿ ಖರ್ಚು ಮಾಡಿದೆ. ಉಳಿದ ಕಡೆ ಆದಷ್ಟು ಪ್ರಾಮಾಣಿಕವಾಗಿರಲು ನೋಡುತ್ತೇನೆ.

ಮಂಜಿನ ಫೋಟೋ ಯಾಕೆ ತೆಗೆಯಲು ಆಗುವುದಿಲ್ಲ? ಇದೂ ಎಕ್ಟೋಪ್ಲಾಸಂ ತರಹದ ನೆಪ ತಾನೇ?

ಸರಿಯಾಗಿ ಹಿಡಿದಿರಿ. ಆದರೆ ಈ ನಿಯಮಕ್ಕೆ ಒಂದು ಬುಡ ಇದೆ.

ಜಪಾನಿನ ಅಕಿರಾ ತೊನೊಮುರ ಮತ್ತು ಸಂಗಡಿಗರು 1989ರಲ್ಲಿ ಪ್ರಕಟಿಸಿದ ಒಂದು ಪ್ರಯೋಗವಿದೆ. ಎಲೆಕ್ಟ್ರಾನ್‌ಗಳನ್ನು ಒಂದೊಂದಾಗಿ ಬಿಟ್ಟರು. ಪ್ರತಿಯೊಂದಕ್ಕೂ ಎರಡು ದಾರಿ. ಪರದೆಯ ಮೇಲೆ ಮೊದಲು ಅಲ್ಲೊಂದು ಇಲ್ಲೊಂದು ಚುಕ್ಕೆ. ಸಾವಿರಾರು ಆಗುತ್ತಿದ್ದ ಹಾಗೆ ಪಟ್ಟೆ ಪಟ್ಟೆಯಾದ ಚಿತ್ರ ಮೂಡಿತು. ಒಂಟಿಯಾಗಿ ಬಂದ ಎಲೆಕ್ಟ್ರಾನ್ ಎರಡೂ ದಾರಿಯ ಲೆಕ್ಕ ಹೊತ್ತು ಬಂದಿದ್ದರೆ ಮಾತ್ರ ಆ ಪಟ್ಟೆ ಬರಲು ಸಾಧ್ಯ. ಯಾವ ದಾರಿಯಲ್ಲಿ ಹೋಯಿತು ಅನ್ನುವ ಗುರುತು ಎಲ್ಲಾದರೂ ಉಳಿಯುವಂತೆ ಮಾಡಿದರೆ ಪಟ್ಟೆಗಳು ಮಾಯ. ಇಲ್ಲಿ ಮನುಷ್ಯ ನೋಡಬೇಕು ಅಂತೇನಿಲ್ಲ. ಒಂದು ಗಾಳಿಯ ಅಣು ಡಿಕ್ಕಿ ಹೊಡೆದು ಸುದ್ದಿ ಹೊತ್ತುಕೊಂಡು ಹೋದರೂ ಸಾಕು.

ನಡುಮಂಜಿಗೂ ಅದೇ. ಎರಡು ಎಳೆಗಳ ಲೆಕ್ಕ ಇನ್ನೂ ಇತ್ಯರ್ಥವಾಗದೆ ಇರುವಷ್ಟು ಹೊತ್ತು ಮಾತ್ರ ಅದು ಇರುತ್ತದೆ. ಕ್ಯಾಮೆರಾ ಕ್ಲಿಕ್ ಅಂದರೆ ಲೆಕ್ಕ ಮುಗಿಯಿತು. ನಿಮ್ಮ ಕಣ್ಣೂ ಒಂದು ದಾಖಲೆಯೇ, ಆದ್ದರಿಂದ ನೋಡುತ್ತಾ ನಿಂತಷ್ಟೂ ಅದು ತೆಳುವಾಗುತ್ತದೆ. ಹನ್ನೊಂದು ನಿಮಿಷ ಅಂದೆನಲ್ಲ, ಅದು ಒಬ್ಬರೇ ನೋಡಿದರೆ. ಮನೆಮಂದಿಯನ್ನೆಲ್ಲ ಕರೆದರೆ ಎರಡು ನಿಮಿಷವೂ ನಿಲ್ಲುವುದಿಲ್ಲ.

(ಗಾಳಿಯ ಅಣು ಸಾಕು ಅಂದ ಮೇಲೆ ಹನ್ನೊಂದು ನಿಮಿಷ ಹೇಗೆ ನಿಲ್ಲುತ್ತದೆ ಅಂತ ಒಬ್ಬ ಓದುಗರು ಹಿಡಿದು ಕೂತಿದ್ದರು. ನನ್ನ ಹತ್ತಿರ ಉತ್ತರವಿಲ್ಲ. ಮೇಲೆ ಹೇಳಿದ ಸುಳ್ಳಿನ ಖಾತೆಗೇ ಹಾಕಿಕೊಳ್ಳಿ.)

ಹಿಡಿಯಲು ಆಗದ, ತೂಕವಿಲ್ಲದ ವಸ್ತು ಇದ್ದರೆಷ್ಟು, ಬಿಟ್ಟರೆಷ್ಟು?

ಗುರುತು ಬಿಡದಿದ್ದರೆ ನಿಜಕ್ಕೂ ಬಿಟ್ಟರಾಯಿತು. ಈ ಮಾತನ್ನು ನನಗೆ ಕಲಿಸಿದ್ದು ಎರಡು ಹಳೆಯ ಕತೆ.

ಒಂದು, ಈಥರ್. ಬೆಳಕು ಅಲೆಯಾದರೆ ಅದು ಯಾವುದರಲ್ಲಾದರೂ ಏಳಬೇಕಲ್ಲ? ಹಾಗಾಗಿ ಎಲ್ಲೆಲ್ಲೂ ಈಥರ್ ತುಂಬಿದೆ ಅಂದುಕೊಂಡರು. ಬೆಳಕನ್ನು ಅಷ್ಟು ವೇಗವಾಗಿ ಸಾಗಿಸಲು ಅದು ಉಕ್ಕಿಗಿಂತ ಬಿಗಿಯಾಗಿರಬೇಕು, ಗ್ರಹಗಳು ತಿರುಗಲು ಅಡ್ಡಿಯಾಗದಷ್ಟು ತೆಳುವೂ ಆಗಿರಬೇಕು. ಮೈಕೆಲ್ಸನ್ ಮತ್ತು ಮಾರ್ಲಿ 1887ರಲ್ಲಿ ಅದರ ಗುರುತು ಹುಡುಕಿದರು, ಸಿಗಲಿಲ್ಲ. 1905ರಲ್ಲಿ ಐನ್‌ಸ್ಟೈನ್ ಅದಿಲ್ಲದೆಯೇ ಲೆಕ್ಕ ಮಾಡಿ ತೋರಿಸಿದ. ಈಥರ್ ಹೋಯಿತು.

ಇನ್ನೊಂದು, ನ್ಯೂಟ್ರಿನೋ. ಕೆಲವು ಪರಮಾಣುಗಳು ಒಡೆಯುವಾಗ ಶಕ್ತಿಯ ಲೆಕ್ಕದಲ್ಲಿ ಸ್ವಲ್ಪ ಕಡಿಮೆ ಬೀಳುತ್ತಿತ್ತು. ಯಾರೂ ಕಾಣದ ಒಂದು ಕಣ ಅದನ್ನು ಎತ್ತಿಕೊಂಡು ಹೋಗುತ್ತಿರಬೇಕು ಅಂತ ವೋಲ್ಫ್‌ಗಾಂಗ್ ಪೌಲಿ 1930ರಲ್ಲಿ ಒಂದು ಪತ್ರದಲ್ಲಿ ಬರೆದ. ಕೇಳಲು ಥೇಟ್ ದೆವ್ವದ ಕತೆ. ಆದರೆ 1956ರಲ್ಲಿ ರೈನಸ್ ಮತ್ತು ಕೋವನ್ ಅಣುರಿಯಾಕ್ಟರಿನ ಪಕ್ಕ ಉಪಕರಣ ಇಟ್ಟು ಹಿಡಿದೇ ಬಿಟ್ಟರು. ಈಗ ನೀವು ಇದನ್ನು ಓದುತ್ತಿರುವಾಗಲೂ ಸೂರ್ಯನಿಂದ ಬಂದ ನ್ಯೂಟ್ರಿನೋಗಳು ನಿಮ್ಮ ಹೆಬ್ಬೆರಳ ಉಗುರಿನ ಮೂಲಕ ಸೆಕೆಂಡಿಗೆ ಸುಮಾರು 6,500 ಕೋಟಿ ದಾಟುತ್ತಿವೆ. ರಾತ್ರಿಯಾದರೆ ಭೂಮಿಯನ್ನೇ ತೂರಿಕೊಂಡು ಕೆಳಗಿನಿಂದ ಬರುತ್ತವೆ.

ಎರಡೂ ಕಾಣದವೇ. ಒಂದು ಲೆಕ್ಕದಲ್ಲಿ ಗುರುತು ಬಿಟ್ಟಿತ್ತು, ಇನ್ನೊಂದು ಬಿಟ್ಟಿರಲಿಲ್ಲ. ನನ್ನ ಮಂಜು ನ್ಯೂಟ್ರಿನೋ ಕಡೆಯದಾಗಬೇಕು ಅಂತ ಆಸೆ. ಅದಕ್ಕೇ ಪ್ರತಿ ಕತೆಯಲ್ಲೂ ಮಂಜು ಹೋದ ಮೇಲೆ ಏನಾದರೂ ಒಂದು ಲೆಕ್ಕ ತಪ್ಪಿರುತ್ತದೆ. ಗಡಿಯಾರ ಒಂದು ನಿಮಿಷ ಹಿಂದೆ ಇರುತ್ತದೆ. ಮೆಟ್ಟಿಲು ಎಣಿಸಿದರೆ ಒಂದು ಜಾಸ್ತಿ ಬರುತ್ತದೆ.

ದೊಡ್ಡ ನಿರ್ಧಾರಕ್ಕೆ ದೊಡ್ಡ ಮಂಜಾ?

ಅಲ್ಲ. ಎಲ್ಲರೂ ಎಡವುವುದು ಇಲ್ಲೇ. ಮಂಜಿನ ದಪ್ಪ ನಿಂತಿರುವುದು ವಿಷಯದ ದೊಡ್ಡಸ್ತಿಕೆಯ ಮೇಲಲ್ಲ, ಎಷ್ಟು ಹತ್ತಿರದಲ್ಲಿ ತಪ್ಪಿತು ಅನ್ನುವುದರ ಮೇಲೆ. ನೀವು ರಾಜನಾಗಿ ಹುಟ್ಟಲಿಲ್ಲ ಅನ್ನುವುದಕ್ಕೆ ಎಳ್ಳಷ್ಟೂ ಮಂಜಿಲ್ಲ, ಅದು ಆಗುವ ಹತ್ತಿರಕ್ಕೂ ಬಂದಿರಲಿಲ್ಲ. ಕೂದಲೆಳೆಯಲ್ಲಿ ತಪ್ಪಿದ ಲೋಟಕ್ಕೆ ಮಂಜಿದೆ.

ಮತ್ತೆ ಮತ್ತೆ ಅದೇ ಜಾಗದಲ್ಲಿ ತಪ್ಪಿದರೆ ಮಂಜು ಪದರ ಪದರವಾಗಿ ಕೂರುತ್ತದೆ. ಮೂರನೇ ಕತೆಯಲ್ಲಿ ಒಬ್ಬ ಹೆಂಗಸು ತನ್ನ ತಮ್ಮನ ಮನೆ ಬಾಗಿಲವರೆಗೆ ಬಂದು, ಕೈ ಎತ್ತಿ, ತಟ್ಟದೆ ವಾಪಸ್ ಹೋಗುತ್ತಾಳೆ. ಒಂದು ಸಲ ಅಲ್ಲ, ಒಂಬತ್ತು ವರ್ಷ. ತಮ್ಮ ಒಂದು ಬೆಳಗ್ಗೆ ಬಾಗಿಲು ತೆರೆದರೆ, ಹೊರಮೈಯಲ್ಲಿ, ಎದೆಯ ಎತ್ತರಕ್ಕೆ, ನಾಲ್ಕು ಬೆರಳ ಗೆಣ್ಣುಗಳ ನೀಲಿ ಗುರುತು. ಒರೆಸುತ್ತಾನೆ, ಹೋಗುವುದಿಲ್ಲ. ಯಾರದು ಅಂತ ಅವನಿಗೆ ಗೊತ್ತಾಗುವುದಿಲ್ಲ. ಆ ಕತೆ ಬರೆದು ಎರಡು ದಿನ ನನಗೆ ಬೇರೇನೂ ಬರೆಯಲು ಆಗಲಿಲ್ಲ.

ಮಂಜಿನೊಳಗೆ ನುಗ್ಗಿ ಆ ಕಡೆಯ ಎಳೆಗೆ ದಾಟಬಹುದಾ?

ಇಲ್ಲ.

ಶೀಶೆಯಲ್ಲಿ ತುಂಬಿಡಬಹುದಾ?

ಒಂದು ಪಾತ್ರ ಪ್ರಯತ್ನಪಟ್ಟಿತು. ಮುಚ್ಚಳ ಹಾಕಲೋ ಬೇಡವೋ ಅಂತ ಕೊನೆ ಗಳಿಗೆಯಲ್ಲಿ ಕೈ ತಡೆಯಿತು. ತಗೊಳ್ಳಿ, ಶೀಶೆಯ ಹೊರಗೆ ಇನ್ನಷ್ಟು ಮಂಜು.

ನಮ್ಮ ಮನೆಯ ಒಂದು ಕೋಣೆಯಲ್ಲಿ ಯಾರೋ ಇದ್ದಾರೆ ಅನಿಸುತ್ತದೆ. ಅದು ನಡುಮಂಜಾ?

ಅಲ್ಲ. ಇಲ್ಲಿ ತಮಾಷೆ ಬಿಟ್ಟು ಹೇಳುತ್ತೇನೆ.

ಅಮೆರಿಕದ ಕಣ್ಣಿನ ವೈದ್ಯ ವಿಲಿಯಂ ವಿಲ್ಮರ್ 1921ರಲ್ಲಿ ಒಂದು ಕುಟುಂಬದ ಬಗ್ಗೆ ಬರೆದಿದ್ದಾನೆ. ಹೊಸ ಮನೆಗೆ ಹೋದ ಮೇಲೆ ಅವರಿಗೆ ಹೆಜ್ಜೆ ಸದ್ದು ಕೇಳಿಸತೊಡಗಿತು, ಆಕೃತಿಗಳು ಕಾಣತೊಡಗಿದವು, ತಲೆನೋವು, ಸುಸ್ತು, ಕುಂಡದ ಗಿಡಗಳೂ ಸತ್ತವು. ಕಾರಣ, ಮನೆ ಬಿಸಿ ಮಾಡುವ ಕೆಟ್ಟ ಕುಲುಮೆಯಿಂದ ಒಳಗೆ ಸೋರುತ್ತಿದ್ದ ಕಾರ್ಬನ್ ಮಾನಾಕ್ಸೈಡ್. ಆ ಅನಿಲಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ, ಜೀವ ತೆಗೆಯುತ್ತದೆ. ಕೋಣೆಯಲ್ಲಿ ವಿಚಿತ್ರ ಅನಿಸುವುದರ ಜೊತೆ ತಲೆನೋವು, ವಾಕರಿಕೆ ಇದ್ದು, ಹೊರಗೆ ಬಂದರೆ ಕಡಿಮೆಯಾಗುತ್ತಿದ್ದರೆ, ಎಲ್ಲರೂ ತಕ್ಷಣ ಹೊರಗೆ ಬನ್ನಿ, ಸಹಾಯಕ್ಕೆ ಕರೆ ಮಾಡಿ. ಒಲೆ, ಗೀಸರ್, ಜನರೇಟರ್ ಪರೀಕ್ಷೆ ಮಾಡಿಸದೆ ಒಳಗೆ ಹೋಗಬೇಡಿ.

ಇನ್ನೊಂದು ಪ್ರಸಂಗ ಹಗುರಾದದ್ದು. ವಿಕ್ ಟ್ಯಾಂಡಿ ಅನ್ನುವ ಇಂಗ್ಲೆಂಡಿನ ಎಂಜಿನಿಯರ್‌ಗೆ ರಾತ್ರಿ ಪ್ರಯೋಗಾಲಯದಲ್ಲಿ ಕಣ್ಣಂಚಿನಲ್ಲಿ ಬೂದು ಆಕೃತಿ ಕಂಡಿತು. ಮಾರನೇ ದಿನ ಮೇಜಿನ ಇಕ್ಕಳಕ್ಕೆ (ವೈಸ್) ಬಿಗಿದಿಟ್ಟ ಕತ್ತಿವರಸೆಯ ಕತ್ತಿ ತಂತಾನೇ ನಡುಗುತ್ತಿತ್ತು. ಹುಡುಕಿದರೆ, ಹೊಸದಾಗಿ ಹಾಕಿದ ಫ್ಯಾನ್ ಸೆಕೆಂಡಿಗೆ ಸುಮಾರು 19 ಕಂಪನದ, ಕಿವಿಗೆ ಸರಿಯಾಗಿ ಕೇಳಿಸದ ಸದ್ದು ಎಬ್ಬಿಸುತ್ತಿತ್ತು. 1998ರಲ್ಲಿ ಇದನ್ನು ಬರೆದು ಪ್ರಕಟಿಸಿದ. ಎಲ್ಲ ಮನೆಯಲ್ಲೂ ಇದೇ ಕಾರಣ ಅಂತಲ್ಲ. ಆದರೂ ಮೊದಲು ಫ್ಯಾನ್ ಆರಿಸಿ ನೋಡಿ.

ಡೆಜಾ ವು (ಇದು ಮೊದಲೇ ನಡೆದಿತ್ತು ಅನಿಸುವುದು), ಮಂಡೇಲಾ ಎಫೆಕ್ಟ್ (ನಡೆಯದ್ದನ್ನು ಬಹಳ ಜನ ಒಂದೇ ರೀತಿ ತಪ್ಪಾಗಿ ನೆನಪಿಟ್ಟುಕೊಳ್ಳುವುದು) ಇವೆಲ್ಲ ಮಂಜಿನಿಂದಲೇ ಅಂತ ಬರೆಯಬಹುದಲ್ಲ?

ಬರೆಯಬಹುದು, ನಾನು ಬರೆಯುವುದಿಲ್ಲ. ನೆನಪು ತಾನಾಗಿಯೇ ಸಾಕಷ್ಟು ಆಟ ಆಡುತ್ತದೆ. ಅಮೆರಿಕದ ಮನೋವಿಜ್ಞಾನಿ ಎಲಿಜಬೆತ್ ಲಾಫ್ಟಸ್ 1974ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಕಾರು ಅಪಘಾತದ ಫಿಲ್ಮ್ ತೋರಿಸಿ, ಕೆಲವರಿಗೆ ಕಾರುಗಳು "ತಗುಲಿದಾಗ" ವೇಗ ಎಷ್ಟಿತ್ತು ಅಂತ, ಕೆಲವರಿಗೆ "ಅಪ್ಪಳಿಸಿದಾಗ" ಎಷ್ಟಿತ್ತು ಅಂತ ಕೇಳಿದಳು. ಒಂದು ವಾರದ ಮೇಲೆ, ಒಡೆದ ಗಾಜು ನೋಡಿದ್ದೀರಾ ಅಂತ ವಿಚಾರಿಸಿದರೆ, ತಗುಲಿದ ಅನ್ನುವ ಪದ ಕೇಳಿಸಿಕೊಂಡವರಿಗಿಂತ ಅಪ್ಪಳಿಸಿದ ಅನ್ನುವ ಪದ ಕೇಳಿಸಿಕೊಂಡವರಲ್ಲಿ ಜಾಸ್ತಿ ಜನ ಹೌದು ಅಂದರು. ಫಿಲ್ಮ್ನಲ್ಲಿ ಒಡೆದ ಗಾಜೇ ಇರಲಿಲ್ಲ. ಒಂದು ಪದಕ್ಕೇ ಇಷ್ಟಾಗುವಾಗ ಮಂಜು ಯಾಕೆ ಬೇಕು?

ಮೊದಲ ಕತೆಯಲ್ಲಿ ಮಂಜು ಮಾತಾಡುತ್ತದಲ್ಲ?

ಅದು ನಿಯಮ ಮಾಡುವ ಮುಂಚೆ ಬರೆದದ್ದು. ದಯವಿಟ್ಟು ಮರೆತುಬಿಡಿ.

ನನ್ನ ಕತೆಯಲ್ಲಿ ಬಳಸಿಕೊಳ್ಳಬಹುದಾ?

ಧಾರಾಳವಾಗಿ. ಅದಕ್ಕೆ ಹಲ್ಲು, ಉಗುರು, ಒಡೆಯ ಇವನ್ನು ಮಾತ್ರ ಕೊಡಬೇಡಿ. ಕತೆ ಸಿಕ್ಕಿಕೊಂಡಾಗ ಬಿಡಿಸಲು ಮಂಜನ್ನು ಕರೆಯಬೇಡಿ. ಸಿಕ್ಕಿಸಲು ಕರೆಯಿರಿ.

ಆ ಲೋಟ ಆಮೇಲೆ ಏನಾಯಿತು?

ಇನ್ನೂ ಅಲ್ಲೇ ಇದೆ, ಅದೇ ಮೇಜಿನ ಮೇಲೆ. ಹಿಡಿದವಳು ಅದರಲ್ಲೇ ನೀರು ಕುಡಿಯುತ್ತಾಳೆ. ಗೋಡೆಯ ಬುಡದಲ್ಲಿ ಹರಳು ಹಾರಿ ಬೀಳಬೇಕಿದ್ದ ಜಾಗವನ್ನು ಮಾತ್ರ ಬರಿಗಾಲಲ್ಲಿ ತುಳಿಯುವುದಿಲ್ಲ.